ಸಾಸೇಜ್ ಬೇಯಿಸಿದ ಮಧ್ಯಾಹ್ನ

ಬೆಳ್ಳುಳ್ಳಿಯ ಜೊತೆ ಸಾಸೇಜ್ ಹುರಿಯುವ ವಾಸನೆ ಬಂದರೆ ಇವತ್ತಿಗೂ ನನ್ನ ಹಸಿವು ಸತ್ತುಹೋಗುತ್ತದೆ.

ಆಗಷ್ಟೇ ನಾವು ಬಿಟಿಎಂ ಲೇಔಟಿನ ಬಾಡಿಗೆ ಮನೆ ಬಿಟ್ಟು ಜಯನಗರದ ಅಜ್ಜಿಯ ಮನೆಗೆ ಬಂದಿದ್ದೆವು. ಅಪ್ಪ ಪ್ರೀತಿಸಿ ಮದುವೆಯಾದ, ಬೇರೆ ಜಾತಿಯ ಅಮ್ಮನನ್ನು ಅಜ್ಜಿ ಕೊನೆಗೂ ಸೊಸೆಯೆಂದು ಒಳಗೆ ಕರೆದಿದ್ದರು. ಮನೆಗೆ ಮಾಂಸ ತರಬಾರದು ಎಂಬುದೊಂದೇ ಅವರ ಷರತ್ತು.

ಒಂದು ಭಾನುವಾರ ಅಜ್ಜಿ ಪದ್ಮನಾಭನಗರದ ತಂಗಿಯ ಮನೆಗೆ ಹೊರಟ ಮೇಲೆ ಅಪ್ಪ ಸಾಸೇಜ್ ಪ್ಯಾಕೆಟ್ ತಂದರು. "ಮೊದಲಿನ ಥರಾನೇ ಮಾಡು. ಅಮ್ಮ ಬರೋದು ಸಂಜೆಗೆ" ಅಂದರು. ಅಮ್ಮ ಹಿಂಜರಿದಳು. ಆಮೇಲೆ ಬೆಳ್ಳುಳ್ಳಿಯ ಜೊತೆ ಸಾಸೇಜ್ ಹುರಿದು, ಆಲೂಗಡ್ಡೆ, ಕ್ಯಾರೆಟ್, ಬೀನ್ಸ್ ಸೇರಿಸಿ ಎಲ್ಲವನ್ನೂ ಒಂದೇ ಪಾತ್ರೆಯಲ್ಲಿ ಬೇಯಲು ಇಟ್ಟಳು. ಆ ಮನೆಯಲ್ಲಿ ಅವಳು ಹಾಡು ಗುನುಗಿದ್ದನ್ನು ನಾನು ಮೊದಲ ಸಲ ಕೇಳಿದ್ದು ಅವತ್ತೇ.

ಅವಳು ಮುಚ್ಚಳ ತೆಗೆಯುವಷ್ಟರಲ್ಲಿ ಅಜ್ಜಿ ಬಾಗಿಲಲ್ಲಿ ನಿಂತಿದ್ದರು. ಸೆರಗಿನಿಂದ ಮೂಗು ಮುಚ್ಚಿಕೊಂಡು, "ಇದನ್ನ ಯಾರು ತಂದಿದ್ದು?" ಎಂದು ಕೇಳಿದರು.

ಅಪ್ಪ ಕಿಟಕಿಯ ಕಡೆ ನೋಡುತ್ತಾ, "ನಂಗೇನ್ ಗೊತ್ತಮ್ಮ? ಅವಳನ್ನೇ ಕೇಳು" ಅಂದರು.

ನಾನು ಬಾಯಿ ತೆರೆದೆ. ಅಮ್ಮ ನನ್ನ ಭುಜ ಒತ್ತಿ ಹಿಡಿದಳು. "ನಾನೇ ತಂದಿದ್ದು ಅತ್ತೆ. ನಾನೇ ಚೆಲ್ತೀನಿ" ಎಂದು ಬಿಸಿ ಪಾತ್ರೆಯನ್ನು ಎತ್ತಿಕೊಂಡು ಹಿತ್ತಲಿಗೆ ಹೋದಳು.

ಮರುದಿನದಿಂದ ಅಜ್ಜಿಯೇ ಅಡುಗೆಗೆ ನಿಂತರು. ಅಪ್ಪ ಅವರ ಎದುರಿಗೆ ಕೂತು, ಹುಳಿ ಚೆನ್ನಾಗಿದೆ ಎಂದು ಹೊಗಳುತ್ತಾ ಊಟ ಮಾಡುತ್ತಿದ್ದರು. ನನ್ನ ತಟ್ಟೆ ಅವರಿಬ್ಬರ ನಡುವೆ ಇರುತ್ತಿತ್ತು. ಅಮ್ಮನಿಗೆ ಹಿತ್ತಲ ಬಾಗಿಲ ಹತ್ತಿರ ಬಡಿಸುತ್ತಿದ್ದರು.