ಗೊಡ್ಡು ಗ್ಯಾಲಕ್ಸಿ

"ಇದ್ದ ಗ್ಯಾಸೆಲ್ಲ ಹೊರಗೆ ಹೋದ್ಮೇಲೆ ಹೊಸ ನಕ್ಷತ್ರ ಹುಟ್ಟೋದು ಎಲ್ಲಿಂದ? ಇಂಥ ಗ್ಯಾಲಕ್ಸಿಗೆ ಕನ್ನಡದಲ್ಲಿ ಏನಂತ ಹೇಳ್ಲಿ ಚಿಕ್ಕಪ್ಪ?"

ಧನ್ಯಶ್ರೀ ಲ್ಯಾಪ್‌ಟಾಪನ್ನು ಗೋಪಾಲಪ್ಪನವರ ಕಡೆ ತಿರುಗಿಸಿದಳು. ಕಪ್ಪುಕುಳಿಗಳ ಮೇಲೆ ಆರು ವರ್ಷ ಸಂಶೋಧನೆ ಮಾಡಿದ್ದರೂ ಅದನ್ನು ಕನ್ನಡದಲ್ಲಿ ಹೇಳಿ ಅಭ್ಯಾಸವಿರಲಿಲ್ಲ. ನಾಳೆ ತೀರ್ಥಹಳ್ಳಿಯ ಕಾಲೇಜಿನಲ್ಲಿ ಉಪನ್ಯಾಸ. ಅದಕ್ಕೇ ಹೊಸನಗರದ ಚಿಕ್ಕಪ್ಪನ ಮನೆಯಲ್ಲಿ ಕೂತು ಬೆಳಿಗ್ಗೆಯಿಂದ ತಾಲೀಮು ನಡೆಸಿದ್ದಳು. ಚಿಕ್ಕಮ್ಮ ರಂಗಮ್ಮ ಪಕ್ಕದಲ್ಲೇ ಬಸಳೆ ಸೊಪ್ಪು ಬಿಡಿಸುತ್ತಿದ್ದರು.

"ಗಬ್ಬ ಆಗ್ದಿರೋ ದನಕ್ಕೆ ಏನಂತೀವಿ? ಗೊಡ್ಡು. ಹಾಕು ಅತ್ಲಾಗೆ, ಗೊಡ್ಡು ಗ್ಯಾಲಕ್ಸಿ!" ಗೋಪಾಲಪ್ಪ ತೊಡೆ ತಟ್ಟಿಕೊಂಡು ನಕ್ಕರು.

"ಸಖತ್ತಾಗಿದೆ ಚಿಕ್ಕಪ್ಪ! ಹುಡುಗ್ರು ಮರೆಯೋದೇ ಇಲ್ಲ." ಧನ್ಯಶ್ರೀ ನಗುತ್ತಲೇ ಟೈಪ್ ಮಾಡಿದಳು. ಕೊನೆಯ ಅಕ್ಷರ ಒತ್ತಿದ ಮೇಲೆ ಬೆರಳು ಅಲ್ಲೇ ನಿಂತಿತು. ಈ ಮನೆಯಲ್ಲಿ ಮಕ್ಕಳಿಲ್ಲ. ಇದೇ ಪದವನ್ನು ಅಜ್ಜಿ, ಚಿಕ್ಕಮ್ಮನಿಗೆ ಕೇಳಿಸುವಂತೆ, ಅಡುಗೆಮನೆಯ ಬಾಗಿಲಲ್ಲಿ ನಿಂತು ಹೇಳುತ್ತಿದ್ದಳು.

"ಚಿಕ್ಕಮ್ಮ, ತಪ್ಪಾಯ್ತು. ತೆಗೀತೀನಿ."

"ಯಾಕೆ ತೆಗೀತೀಯ? ನಂಗೇನು ಹೊಸದಾ?" ರಂಗಮ್ಮ ಸೊಪ್ಪಿನಿಂದ ಕಣ್ಣೆತ್ತಲಿಲ್ಲ. "ಒಂದು ಹೇಳು. ಆ ಗ್ಯಾಸನ್ನ ಹೊರಗೆ ತಳ್ಳಿದ್ದು ಯಾರು?"

"ನಡುವೆ ಇರೋ ಕಪ್ಪುಕುಳಿ. ಅದೇ ಕಾಯಿಸಿ, ಊದಿ ಹೊರಗೆ ಹಾಕತ್ತೆ."

"ಗ್ಯಾಲಕ್ಸಿದು ಏನೂ ತಪ್ಪಿಲ್ಲ?"

"ಇಲ್ಲ."

"ರಂಗಿ, ಒಲೆ ಮೇಲೆ ಏನಿಟ್ಟಿದೀಯ ನೋಡು ಹೋಗು." ಗೋಪಾಲಪ್ಪನವರ ನಗು ನಿಂತಿತ್ತು.

ರಂಗಮ್ಮ ಎದ್ದರು. ಒಳಗೆ ಹೋಗಲಿಲ್ಲ.

"ಶಿವಮೊಗ್ಗದ ಡಾಕ್ಟ್ರೂ ಹಂಗೇ ಅಂದಿದ್ರು ಧನ್ಯಾ. ನಿಮ್ಮಲ್ಲಿ ಏನೂ ತೊಂದ್ರೆ ಇಲ್ಲಮ್ಮ, ಇರೋದು ನಿಮ್ಮ ಯಜಮಾನ್ರಲ್ಲಿ ಅಂತ. ವಾಪಸ್ ಬರ್ತಾ ಬಸ್ಸಲ್ಲಿ ನಿನ್ನ ಚಿಕ್ಕಪ್ಪ ನನ್ನ ಕೈ ಹಿಡ್ಕಂಡು, ನಮ್ಮವ್ವಂಗೆ ಮಾತ್ರ ಹೇಳ್ಬೇಡ ಅಂದ್ರು. ಹೇಳ್ಲಿಲ್ಲ. ಅವ್ವ ಸಾಯೋ ತನಕ ಹೇಳ್ಲಿಲ್ಲ. ಡಾಕ್ಟ್ರು ಹೇಳಿ ಇಪ್ಪತ್ತೆಂಟು ವರ್ಷ ಆಯ್ತು."

ಚಿಕ್ಕಪ್ಪ ಈಗ ಸಿಟ್ಟಾಗಿ ಕೂಗಲಿ, ಇದೆಲ್ಲ ಸುಳ್ಳು ಎನ್ನಲಿ ಎಂದು ಧನ್ಯಶ್ರೀ ಕಾದಳು. ಊರಿನವರೆಲ್ಲ ದೇವರಂಥ ಮನುಷ್ಯ ಎನ್ನುತ್ತಿದ್ದ ಗೋಪಾಲಪ್ಪ ತಮ್ಮ ಕೈಗಳನ್ನೇ ನೋಡುತ್ತಾ ಕೂತರು.

ರಂಗಮ್ಮ ಸೆರಗಿನ ಮೇಲಿದ್ದ ಎಲೆಯ ಚೂರುಗಳನ್ನು ಕೊಡವಿಕೊಂಡು, ಬಗ್ಗಿ ಪರದೆಯ ಮೇಲಿನ ಅಕ್ಷರಗಳನ್ನು ಒಂದೊಂದಾಗಿ ಓದಿದರು.

"ಆಕಾಶದಲ್ಲಿ ಅಷ್ಟು ದೂರ ಹೋಗಿನೂ ಗೊಡ್ಡು ಅನ್ನೋ ಹೆಸರು ಅವಳಿಗೇ ಇಟ್ಯಲ್ಲ ಮಗಾ."