ಮೂರನೆಯ ನಲವತ್ತೊಂದು

ಕಾರ್ತಿಕದ ಒಂದು ಮಂಗಳವಾರ, ಬೆಳಗಿನ ಏಳು ಗಂಟೆ. ಊರೆಲ್ಲ ಮುಳುಗಿ ಜನ ದೋಣಿಯಲ್ಲೇ ಬಾಳುತ್ತಿದ್ದ ಕಾಲ. ತೇಲುವ ಆಸ್ಪತ್ರೆಯಲ್ಲಿ ಗಾಯದ ಬಗೆಗೊಂದರಂತೆ ಗೊತ್ತಾದ ಸಂಖ್ಯೆಯನ್ನು ದಾಖಲೆಯಲ್ಲಿ ಬರೆಯುತ್ತಿದ್ದ ಮಾಸ್ತಿ ಖಾರ್ವಿಯ ಮುಂದೆ ಅವನ ಹೆಂಡತಿ ಮಂಕಾಳಿ ಜಜ್ಜಿದ ಕೈ ಚಾಚಿದಳು. ದೋಣಿಗೆ ದೋಣಿ ತಾಗುವಾಗ ಕೈ ಅಡ್ಡ ಕೊಡುವುದು ದೋಣಿಯವರ ಹಳೆಯ ರೂಢಿ. ಹಾಗೆ ಜಜ್ಜಿದ ಗಾಯದ ಸಂಖ್ಯೆ ನಲವತ್ತೊಂದು. ಮೂರು ಸಲ ನಲವತ್ತೊಂದು ಬಿದ್ದವರನ್ನು ನೀರಿಗೆ ಒಗ್ಗದವರೆಂದು ಗುಡ್ಡದ ಶಿಬಿರಕ್ಕೆ ಸಾಗಿಸುತ್ತಿದ್ದರು, ವಾಪಸ್ ಬಿಡುತ್ತಿರಲಿಲ್ಲ. ಅವಳ ಹೆಸರಿಗೆ ಆಗಲೇ ಎರಡಿದ್ದವು.

"ಮೀನು ಕಚ್ಚಿದ್ದು ಅಂತ ಬರೀತೆ," ಅಂದ ಮಾಸ್ತಿ.

"ಎಂಥ ಮೀನು ಮಾರಾಯ್ರೆ, ತಿಮಿಂಗ್ಲವಾ? ಇದ್ದದ್ದೇ ಬರೀರಿ. ನಂಗೆ ಒಮ್ಮೆ ಮಣ್ಣು ಮೆಟ್ಬೇಕು."

ಅವನು ತುಸು ಹೊತ್ತು ಅವಳ ಬೆರಳುಗಳನ್ನೇ ನೋಡಿದ. ನಲವತ್ತೊಂದು ಎಂದು ಬರೆದು, ಮುಂದಿನವರನ್ನು ಕರೆದ.

ಶುಕ್ರವಾರ ಗುಡ್ಡಕ್ಕೆ ಹೋಗುವ ದೋಣಿಗೆ ಮಂಕಾಳಿ ಹೋದಳು.