ಬಿಡದೆ ಹಿಡಿದವರು

ಸಮುದ್ರದ ಏರಿ ಒಡೆಯಿತು ಎಂಬ ಕೂಗು ಕೇಳಿದಾಗ ಮಾರ್ಷ್‌ವಿಕ್ ಊರಿನವರೆಲ್ಲ ಸಮುದಾಯ ಭವನದಲ್ಲಿ ಚಹಾ ಕುಡಿಯುತ್ತಿದ್ದರು. ಯುದ್ಧದಲ್ಲಿ ಸತ್ತವರನ್ನು ನೆನೆಯುವ ನವೆಂಬರ್ ಭಾನುವಾರ ಅದು. ಪ್ರಾರ್ಥನೆ ಮುಗಿದಿತ್ತು. ನಿವೃತ್ತ ಬ್ರಿಗೇಡಿಯರ್ ಲಯೊನೆಲ್ ಥರ್ಸ್ಟನ್ ಅವರ ಭಾಷಣ ಮುಗಿದಿರಲಿಲ್ಲ. ಸಾಹೇಬರು ಎದೆಯ ಮೇಲಿನ ಪದಕಗಳನ್ನೊಮ್ಮೆ ನೇವರಿಸಿಕೊಂಡು, "ಯಾರೂ ಕದಲಬೇಡಿ. ಇನ್ನು ಮುಂದೆ ಎಲ್ಲ ನನ್ನ ಆಜ್ಞೆ ಪ್ರಕಾರ ನಡೀಬೇಕು," ಎಂದರು. ಆಜ್ಞೆ ಕೊಡಿ ಎಂದು ಯಾರೂ ಅವರನ್ನು ಕೇಳಿರಲಿಲ್ಲ.

ಆ ಪದಕಗಳ ಕಥೆ ಊರಿಗೆಲ್ಲ ಬಾಯಿಪಾಠ. ಫ್ರಾನ್ಸಿನಲ್ಲಿ ಸೇತುವೆಯೊಂದನ್ನು ಬಿಡದೆ ಹಿಡಿದಿದ್ದಕ್ಕೆ ಒಂದು. ಶತ್ರುಗಳು ಬೇರೆ ಸೇತುವೆ ಹುಡುಕಿಕೊಂಡು ದಾಟಿದ್ದರು, ಆ ಮಾತು ಬೇರೆ. ಇಟಲಿಯಲ್ಲಿ ಗುಡ್ಡವೊಂದನ್ನು ಬಿಡದೆ ಹಿಡಿದಿದ್ದಕ್ಕೆ ಇನ್ನೊಂದು. ಮೇಲಿನವರು ಮರುದಿನವೇ ಆ ಗುಡ್ಡ ಬೇಡವೆಂದು ಕೈಬಿಟ್ಟರು. ಅದನ್ನು ಹಿಡಿದ ಹುಡುಗರು ಮಾತ್ರ ಇನ್ನೂ ಅಲ್ಲೇ ಇದ್ದಾರೆ, ಸಾಲಾಗಿ, ಬಿಳಿಯ ಕಲ್ಲುಗಳ ಕೆಳಗೆ. ಬಿಡದೆ ಹಿಡಿಯುವುದೊಂದೇ ಸಾಹೇಬರಿಗೆ ಬರುತ್ತಿದ್ದ ವಿದ್ಯೆ. ಅದೊಂದರಿಂದಲೇ ಕ್ಯಾಪ್ಟನ್ ಆಗಿದ್ದವರು ಬ್ರಿಗೇಡಿಯರ್ ಆದರು.

"ಈ ಭವನ ಇರೋದೇ ತಗ್ಗಿನಲ್ಲಿ ಸಾಹೇಬ್ರೇ," ಎಂದಳು ಊರಿನ ಪಬ್ ನಡೆಸುವ ಎಡ್ನಾ ಸ್ಕೆಲ್ಟನ್. "ಹೊರಗೆ ನೀರಿನ್ನೂ ಮೊಣಕಾಲಿಗಿದೆ. ಈಗಲೇ ಹೊರಟ್ರೆ ಚರ್ಚಿನ ದಿಬ್ಬ ಸೇರಿಕೋಬಹುದು."

"ಪಟ್ಟಣದಿಂದ ಲಾರಿಗಳು ಬರ್ತವೆ. ಅಲ್ಲೀವರೆಗೆ ಈ ಜಾಗ ಬಿಡೋ ಹಾಗಿಲ್ಲ."

"ಲಾರಿ ಬರೋ ರಸ್ತೇನೇ ಮುಳುಗಿದೆಯಲ್ಲ. ಈಜಿಕೊಂಡು ಬರ್ತವಾ?"

"ಮಿಸೆಸ್ ಸ್ಕೆಲ್ಟನ್, ನೀವು ಬಿಯರ್ ಸುರಿಯೋದು ನೋಡ್ಕೊಳ್ಳಿ. ಗಾಬರಿಬಿದ್ದ ಜನರನ್ನ ಹೇಗೆ ಹಿಡಿದಿಡಬೇಕು ಅಂತ ನನಗೆ ಗೊತ್ತು."

"ಹಿಡಿದಿಡೋದು ಗೊತ್ತು ನಿಮಗೆ. ಬಿಡೋದನ್ನ ಯಾರೂ ಹೇಳಿಕೊಡಲಿಲ್ಲ, ಪಾಪ."

ಹಿಂದಿನ ಬೆಂಚಿನಲ್ಲಿ ಯಾರೋ ನಕ್ಕರು. ಆ ನಗುವಿನ ಬೆನ್ನಿಗೇ ಬಾಗಿಲ ಸಂದಿಯಿಂದ ಕೆಸರು ನೀರು ಒಳಗೆ ಹರಿದು ಬಂತು. ಎಡ್ನಾ ಮೇಲೆದ್ದಳು. ಕಿಟಕಿಯ ಪರದೆಗಳನ್ನು ಕಿತ್ತು ಒಂದಕ್ಕೊಂದು ಗಂಟು ಹಾಕಿದಳು. ಮಕ್ಕಳನ್ನು ಗಂಡಸರ ಹೆಗಲಿಗೇರಿಸಿದಳು. ಮುದುಕಿಯರ ಕೈಗೆ ಪರದೆಯ ಹಗ್ಗ ಕೊಟ್ಟು ಎಲ್ಲರನ್ನೂ ಸಾಲಾಗಿ ಹೊರಡಿಸಿದಳು. ಸಾಹೇಬರು ಬಾಗಿಲಲ್ಲಿ ನಿಂತು, ಇದು ದಂಗೆ, ಸೈನ್ಯದಲ್ಲಿ ಇದಕ್ಕೇನು ಶಿಕ್ಷೆ ಗೊತ್ತೇ ಎಂದು ಒಬ್ಬೊಬ್ಬರನ್ನೂ ಕೇಳಿದರು. ನಡುದಾರಿಯ ಕಂಬವನ್ನು ಸುತ್ತಿ ಹೋಗುವಂತೆ ಜನ ಅವರ ಪಕ್ಕದಿಂದ ಸಾಗಿ ಹೋದರು.

ಸಾಲಿನಲ್ಲಿ ಕೊನೆಯವನು ರೂಬೆನ್ ಪ್ಯಾಸ್ಕ್. ಯುದ್ಧದ ಉದ್ದಕ್ಕೂ ಸಾಹೇಬರ ಸೇವೆಗಿದ್ದ ಸಿಪಾಯಿ, ಆ ಗುಡ್ಡದಿಂದ ಕುಂಟುತ್ತ ಇಳಿದು ಬಂದ ಕೆಲವೇ ಮಂದಿಯಲ್ಲಿ ಒಬ್ಬ. ಈಗಲೂ ಬೆಳಿಗ್ಗೆ ಅವರ ಬೂಟು ಒರೆಸಿ, ಸಂಜೆ ಎಡ್ನಾಳ ಪಬ್ಬಿನಲ್ಲಿ ಗ್ಲಾಸು ತೊಳೆಯುತ್ತಿದ್ದ. ಅವನು ಪರದೆಯ ತುದಿ ಹಿಡಿದು ಒಂದು ಕಾಲು ಹೊರಗಿಟ್ಟಿದ್ದ.

"ಪ್ಯಾಸ್ಕ್," ಎಂದರು ಸಾಹೇಬರು. ಅಷ್ಟೇ.

ಪ್ಯಾಸ್ಕ್ ಪರದೆಯ ತುದಿ ಬಿಟ್ಟ.

"ಬಾರೋ ರೂಬೆನ್," ಎಂದಳು ಎಡ್ನಾ, ತಿರುಗಿ ನೋಡಿ. "ಯುದ್ಧ ಯಾವತ್ತೋ ಮುಗೀತು ಕಣೋ."

"ನೀ ನಡಿ ಎಡ್ನಾ. ಅವರನ್ನ ಒಬ್ಬರನ್ನೇ ಬಿಟ್ಟು ಹೆಂಗೆ ಬರ್ಲಿ? ಅವರಿಗೆ ಈಜು ಬರಲ್ಲ."

"ನಿನಗೆ ಬರುತ್ತಾ?"

ಪ್ಯಾಸ್ಕ್ ನಾಚಿಕೊಂಡವನಂತೆ ನಕ್ಕ. ಎಡ್ನಾಳ ಕಂಕುಳಲ್ಲಿ ಯಾರದೋ ಕೂಸಿತ್ತು, ನೀರು ಸೊಂಟಕ್ಕೇರಿತ್ತು. ಅವಳು ಅವನನ್ನು ಎರಡು ಬಾರಿ ಬೈದು, ಅಳುತ್ತಲೇ ಮುಂದೆ ನಡೆದಳು.

ಮೀನುಗಾರರ ದೋಣಿ ಭವನ ಮುಟ್ಟಿದಾಗ ಸಂಜೆಯಾಗಿತ್ತು. ಸಾಹೇಬರು ಮಾಡಿನ ತೊಲೆಯ ಮೇಲೆ, ಕುದುರೆ ಏರಿದವರಂತೆ, ಎರಡೂ ಕಡೆ ಕಾಲು ಇಳಿಬಿಟ್ಟು ಕೂತಿದ್ದರು. ಅಲ್ಲಿಗೆ ಹತ್ತಲು ಪ್ಯಾಸ್ಕನ ಹೆಗಲೇ ಏಣಿಯಾಗಿತ್ತು. ಪ್ಯಾಸ್ಕ್ ನೀರಿನ ತಳದಲ್ಲಿ ಸಿಕ್ಕಿದ. "ತಡ ಮಾಡಿದಿರಿ," ಎಂದು ಸಾಹೇಬರು ದೋಣಿಯವರನ್ನು ಗದರಿದರು. ದಿಬ್ಬ ಸೇರಿದವರಲ್ಲಿ ಒಬ್ಬರಿಗೂ ನೆಗಡಿಗಿಂತ ಹೆಚ್ಚಿನದೇನೂ ಆಗಲಿಲ್ಲ.

ವಸಂತ ಬಂದ ಮೇಲೆ ಪಟ್ಟಣದಲ್ಲಿ ಸಮಾರಂಭ ನಡೆಯಿತು. ಪ್ರವಾಹದ ನಡುವೆ ಎದೆಗುಂದದೆ ಇಡೀ ಊರನ್ನು ಪಾರುಮಾಡಿದ ಬ್ರಿಗೇಡಿಯರ್ ಥರ್ಸ್ಟನ್ ಅವರಿಗೆ ಮತ್ತೊಂದು ಪದಕ. ಅದನ್ನು ಸಿಕ್ಕಿಸಲು ಕೋಟಿನ ಮೇಲೆ ಜಾಗ ಹುಡುಕಬೇಕಾಯಿತು. ಊರವರ ಪರವಾಗಿ ಎಡ್ನಾಳನ್ನು ಚಹಾಕ್ಕೆ ಕರೆದಿದ್ದರು. ಸಾಹೇಬರು ಕಪ್ಪು ಹಿಡಿದು ಅವಳ ಬಳಿ ಬಂದು ದನಿ ತಗ್ಗಿಸಿದರು.

"ಆವತ್ತು ನೀವು ನನ್ನ ಆಜ್ಞೆ ಮೀರಿದ ವಿಷಯ ನಾನು ಇವರ ಹತ್ತಿರ ಎತ್ತಲಿಲ್ಲ. ಹೆಂಗಸು, ಗಾಬರೀಲಿ ಏನೋ ಮಾಡಿದ್ಲು ಅಂತ ಬಿಟ್ಟೆ."

"ದೊಡ್ಡ ಮನಸ್ಸು ನಿಮ್ಮದು. ರೂಬೆನ್‌ಗೆ ಏನು ಕೊಟ್ರು?"

"ಪ್ಯಾಸ್ಕ್‌ಗಾ?" ಸಾಹೇಬರಿಗೆ ನಿಜವಾಗಿಯೂ ಆಶ್ಚರ್ಯವಾಯಿತು. "ಅವನು ತನ್ನ ಕರ್ತವ್ಯ ಮಾಡಿದ. ಕರ್ತವ್ಯ ಮಾಡಿದ್ದಕ್ಕೆಲ್ಲ ಪದಕ ಕೊಡಲ್ಲ, ಮಿಸೆಸ್ ಸ್ಕೆಲ್ಟನ್."

ಎಡ್ನಾ ಅವರ ಎದೆಯ ಮೇಲಿನ ಸಾಲನ್ನು ಈ ತುದಿಯಿಂದ ಆ ತುದಿಯವರೆಗೆ ನಿಧಾನವಾಗಿ ನೋಡಿದಳು.

"ಹೌದು ಸಾಹೇಬ್ರೇ," ಎಂದಳು. "ನೋಡಿದ್ರೇ ಗೊತ್ತಾಗುತ್ತೆ."